ಡೇವಿ ಕ್ರಾಕೆಟ್: ದಾಖಲೆಯಲ್ಲಿ ಇರುವವನು ಮತ್ತು ಕಥೆಯಲ್ಲಿ ಬೆಳೆದವನು

ಹಳೆಯ ಕಡತ (ಚರ್ಚೆ ಆರಂಭಿಸಿದವರು)

ಪರಿಹಾರ ನಿಧಿಯ ಕುರಿತ ಇನ್ನೊಂದು ಚರ್ಚೆಯಲ್ಲಿ ಸದಸ್ಯರೊಬ್ಬರು ಅಮೆರಿಕದ ಗಡಿನಾಡ ವೀರ ಡೇವಿ ಕ್ರಾಕೆಟ್‌ನ ಹೆಸರಿನಲ್ಲಿ ಓಡಾಡುವ ಭಾಷಣವೊಂದನ್ನು ಹಾಕಿದ್ದರು. ನೌಕಾಪಡೆಯ ಅಧಿಕಾರಿಯೊಬ್ಬನ ವಿಧವೆಗೆ ಖಜಾನೆಯಿಂದ ಹಣ ಕೊಡುವ ಮಸೂದೆ ಬಂದಾಗ ಕ್ರಾಕೆಟ್ ಎದ್ದು ನಿಂತು, ಈ ಹಣ ಜನರದು, ದಾನ ಮಾಡಲು ನಮಗೆ ಹಕ್ಕಿಲ್ಲ ಎಂದು ಇಡೀ ಸದನವನ್ನು ಮೌನಗೊಳಿಸಿದ ಎಂಬ ಕಥೆ ಅದು. ಆ ಚರ್ಚೆಯ ದಿಕ್ಕು ತಪ್ಪಿಸಬಾರದೆಂದು ಇಲ್ಲಿ ಬೇರೆಯಾಗಿ ಬರೆಯುತ್ತಿದ್ದೇನೆ. ಏಕೆಂದರೆ ಆ ಭಾಷಣವನ್ನು ಕ್ರಾಕೆಟ್ ಮಾಡಿದನೆನ್ನಲು ಆಧಾರವಿಲ್ಲ.

ಅದು ಮೊದಲು ಅಚ್ಚಾದದ್ದು 1867ರಲ್ಲಿ, ನ್ಯೂಯಾರ್ಕಿನ ಒಂದು ಮಾಸಪತ್ರಿಕೆಯಲ್ಲಿ. ಕ್ರಾಕೆಟ್ ಸತ್ತದ್ದು 1836ರಲ್ಲಿ. ನಡುವಿನ 31 ವರ್ಷಗಳಲ್ಲಿ ಅದರ ಸುಳಿವೇ ಇಲ್ಲ. ಬರೆದವರು ಎಡ್ವರ್ಡ್ ಎಲಿಸ್. ಅಗ್ಗದ ಬೆಲೆಯ ಸಾಹಸ ಕಾದಂಬರಿಗಳನ್ನು ಬರೆದು ಹೆಸರಾದವರು. ಕಥೆಯೊಳಗೆ ಒಬ್ಬ ರೈತ ಬರುತ್ತಾನೆ; ಬೆಂಕಿ ಬಿದ್ದ ಊರಿಗೆ 20,000 ಡಾಲರ್ ಪರಿಹಾರ ಕೊಡಲು ನೀನು ಮತ ಹಾಕಿದ್ದು ತಪ್ಪು ಎಂದು ಕ್ರಾಕೆಟ್‌ನನ್ನು ತರಾಟೆಗೆ ತೆಗೆದುಕೊಳ್ಳುತ್ತಾನೆ. ಅಷ್ಟು ಹಣ ಮಂಜೂರಾದದ್ದು ನಿಜ. ಬೆಂಕಿ ಬಿದ್ದದ್ದು ವಾಷಿಂಗ್ಟನ್ ಪಕ್ಕದ ಅಲೆಕ್ಸಾಂಡ್ರಿಯ ಪಟ್ಟಣಕ್ಕೆ, 1827ರ ಜನವರಿಯಲ್ಲಿ. ಆದರೆ ಕ್ರಾಕೆಟ್ ಅಮೆರಿಕದ ಸಂಸತ್ತಿನ ಕೆಳಮನೆಯಾದ ಪ್ರತಿನಿಧಿ ಸಭೆಗೆ ಚುನಾಯಿತನಾದದ್ದೇ ಆ ವರ್ಷದ ಆಗಸ್ಟ್‌ನಲ್ಲಿ! ಹಾಕದ ಮತಕ್ಕೆ ಅವನು ಯಾರಿಂದ ಬೈಸಿಕೊಳ್ಳಲು ಸಾಧ್ಯ?

ಇಷ್ಟಾಗಿಯೂ ಈ ಕಥೆಯ ಬುಡದಲ್ಲಿ ಒಂದು ನಿಜದ ಬೀಜವಿದೆ. 1828ರಲ್ಲಿ ಜನರಲ್ ಜೇಕಬ್ ಬ್ರೌನ್ ತೀರಿಕೊಂಡಾಗ ಅವರ ವಿಧವೆಗೆ ಹಣ ಕೊಡುವ ಮಸೂದೆ ಬಂತು. ಕ್ರಾಕೆಟ್ ಅದನ್ನು ವಿರೋಧಿಸಿದ, ಬೇಕಾದರೆ ನನ್ನ ಜೇಬಿನಿಂದ ನನ್ನ ಪಾಲು ಕೊಡುತ್ತೇನೆ ಎಂದ. ಇದು ಸದನದ ಕಲಾಪದ ದಾಖಲೆಯಲ್ಲಿದೆ. ನಾಲ್ಕು ಸಾಲಿನ ಆ ಮಾತನ್ನು ಕಾದಂಬರಿಕಾರ ಒಂದು ಪೂರ್ಣ ನಾಟಕವನ್ನಾಗಿ ಬೆಳೆಸಿದ.

ಕ್ರಾಕೆಟ್‌ನ ಬಾಳಿನ ಉದ್ದಕ್ಕೂ ಇದೇ ನಡೆದಿದೆ. ಹಾಗಾಗಿ ನಾನು ಪ್ರತಿಯೊಂದು ಕಥೆಗೂ ಕೇಳುವುದು ಇಷ್ಟೇ: ಇದನ್ನು ಹೇಳಿದವರು ಯಾರು, ಘಟನೆ ನಡೆದ ಎಷ್ಟು ಕಾಲದ ಮೇಲೆ ಹೇಳಿದರು, ಹೇಳುವುದರಿಂದ ಅವರಿಗೆ ಏನು ಸಿಗುತ್ತಿತ್ತು. ಈ ಜರಡಿ ಹಿಡಿದರೆ ಬಹಳ ಕಥೆಗಳು ಉದುರುತ್ತವೆ. ಉಳಿಯುವ ಮನುಷ್ಯ ಮಾತ್ರ ಕಥೆಯವನಿಗಿಂತ ನನಗೆ ಹೆಚ್ಚು ಇಷ್ಟ.

ಪೀಠಿಕೆಯಾಗಿ ಕೆಲವು ಖಚಿತ ಸಂಗತಿಗಳು. ಹುಟ್ಟಿದ್ದು 1786ರ ಆಗಸ್ಟ್ 17, ಈಗಿನ ಟೆನೆಸ್ಸೀ ರಾಜ್ಯದ ಪೂರ್ವದಲ್ಲಿ, ನೋಲಿಚಕಿ ನದಿಯ ದಂಡೆಯಲ್ಲಿ. ಅವನ ಕುರಿತ ದೂರದರ್ಶನ ಧಾರಾವಾಹಿಯ ಹಾಡಿನಲ್ಲಿ ಬರುವಂತೆ ಬೆಟ್ಟದ ತುದಿಯಲ್ಲಲ್ಲ. ಸಹಿ ಹಾಕುತ್ತಿದ್ದದ್ದು ಡೇವಿಡ್ ಎಂದು. ತಂದೆ ರಸ್ತೆ ಬದಿಯಲ್ಲಿ ಪ್ರಯಾಣಿಕರ ತಂಗುಮನೆ ನಡೆಸುತ್ತಿದ್ದ, ಸದಾ ಸಾಲದಲ್ಲಿದ್ದ. ಹನ್ನೆರಡನೆಯ ವಯಸ್ಸಿಗೆ ಹುಡುಗನನ್ನು ದನ ಹೊಡೆಯುವ ಕೂಲಿಗೆ ವರ್ಜೀನಿಯಕ್ಕೆ ಕಳಿಸಿದ. ಕ್ರಾಕೆಟ್ ಮುಂದೆ ಊರಿನ ನ್ಯಾಯಾಧಿಕಾರಿಯಾದ, ನಾಗರಿಕ ಸೇನಾದಳದ ಕರ್ನಲ್ ಆದ, ರಾಜ್ಯದ ಶಾಸನಸಭೆಗೆ ಎರಡು ಬಾರಿ, ವಾಷಿಂಗ್ಟನ್ನಿನ ಪ್ರತಿನಿಧಿ ಸಭೆಗೆ ಮೂರು ಬಾರಿ ಗೆದ್ದ, 1825, 1831 ಮತ್ತು 1835ರಲ್ಲಿ ಸೋತ. ಕೊನೆಯ ಸೋಲಿನ ಮೇಲೆ ಟೆಕ್ಸಾಸ್‌ಗೆ ಹೋದ, 1836ರ ಮಾರ್ಚ್ 6ರಂದು ಸ್ಯಾನ್ ಆಂಟೋನಿಯೊದ ಅಲಾಮೊ ಕೋಟೆಯಲ್ಲಿ ಸತ್ತ.

ತಿಳಿದವರು ಸೇರಿಸಬೇಕೆಂದು ಕೋರುತ್ತೇನೆ.


ತುಂಗಾತೀರ

ಬಹಳ ಒಳ್ಳೆಯ ವಿಷಯ ಎತ್ತಿದ್ದೀರಿ ಸರ್. ನನಗೆ ಕ್ರಾಕೆಟ್ ಎಂದರೆ ಬಾಲ ತೂಗುವ ಚರ್ಮದ ಟೋಪಿ, ಮೂರು ವರ್ಷದವನಿದ್ದಾಗ ಕರಡಿ ಕೊಂದವನು, ಇಷ್ಟೇ. ಟೋಪಿಯಾದರೂ ನಿಜವೇ? ಕರಡಿ ಬೇಟೆ?


ಹಳೆಯ ಕಡತ

ಮೂರು ವರ್ಷದ ಕರಡಿ 1950ರ ದಶಕದ ದೂರದರ್ಶನ ಧಾರಾವಾಹಿಯ ಹಾಡಿನದು, ಅದನ್ನು ಬಿಟ್ಟುಬಿಡೋಣ. ಆದರೆ ಅವನು ದೊಡ್ಡ ಬೇಟೆಗಾರನಾಗಿದ್ದ ಎಂಬುದು ನಿಜ. 1834ರ ಆತ್ಮಕಥೆಯಲ್ಲಿ, ಒಂದು ವರ್ಷದೊಳಗೆ 105 ಕರಡಿ ಕೊಂದೆ ಎಂದು ತಾನೇ ಬರೆದುಕೊಂಡಿದ್ದಾನೆ. ಲೆಕ್ಕ ಅವನದೇ, ಸಾಕ್ಷಿ ಬೇರೆ ಇಲ್ಲ. ಆದರೂ ಪಶ್ಚಿಮ ಟೆನೆಸ್ಸೀಯ ಕಾಡಿನಲ್ಲಿ ಕರಡಿಯ ಮಾಂಸ ಮತ್ತು ಕೊಬ್ಬು ಚಳಿಗಾಲದ ಆಹಾರವಾಗಿತ್ತು, ನೆರೆಹೊರೆಯವರಿಗೂ ಹಂಚುತ್ತಿದ್ದರು ಎಂಬುದನ್ನು ನೆನೆದರೆ ಆ ಸಂಖ್ಯೆ ಪೂರ್ತಿ ಕಟ್ಟುಕಥೆಯಂತೆ ಕಾಣುವುದಿಲ್ಲ.

ಟೋಪಿಯ ವಿಷಯ ಸ್ವಾರಸ್ಯದ್ದು. 1831ರಲ್ಲಿ ನ್ಯೂಯಾರ್ಕಿನಲ್ಲಿ ಒಂದು ನಾಟಕ ಬಂತು. ಅದರ ನಾಯಕ ನಿಮ್ರೋಡ್ ವೈಲ್ಡ್‌ಫೈರ್ ಎಂಬ ಒರಟು ಪಶ್ಚಿಮದ ಕರ್ನಲ್. ಜೇಮ್ಸ್ ಹ್ಯಾಕೆಟ್ ಎಂಬ ನಟ ಕಾಡುಬೆಕ್ಕಿನ ಚರ್ಮದ ಟೋಪಿ ಹಾಕಿಕೊಂಡು ಆ ಪಾತ್ರ ಮಾಡುತ್ತಿದ್ದ. ಇದು ಕ್ರಾಕೆಟ್‌ನನ್ನೇ ಕುರಿತದ್ದು ಎಂದು ಪ್ರೇಕ್ಷಕರು ತೀರ್ಮಾನಿಸಿಬಿಟ್ಟರು. 1833ರ ಡಿಸೆಂಬರ್‌ನಲ್ಲಿ ನಾಟಕ ವಾಷಿಂಗ್ಟನ್ನಿಗೆ ಬಂದಾಗ ಕ್ರಾಕೆಟ್ ಸ್ವತಃ ಮುಂದಿನ ಸಾಲಿನಲ್ಲಿ ಕುಳಿತಿದ್ದ. ಹ್ಯಾಕೆಟ್ ವೇದಿಕೆಗೆ ಬಂದು ಅವನತ್ತ ತಲೆಬಾಗಿದ, ಕ್ರಾಕೆಟ್ ಎದ್ದು ಪ್ರತಿವಂದನೆ ಮಾಡಿದ, ರಂಗಮಂದಿರ ಚಪ್ಪಾಳೆಯಿಂದ ತುಂಬಿತು. ನಿಜದ ಮನುಷ್ಯ ಮತ್ತು ಅವನ ವೇಷ ಹೀಗೆ ಎದುರುಬದುರು ನಿಂತ ಪ್ರಸಂಗ ಚರಿತ್ರೆಯಲ್ಲಿ ತೀರಾ ಅಪರೂಪ.

ಬದುಕಿದ್ದಾಗ ಬರೆಸಿದ ಭಾವಚಿತ್ರಗಳಲ್ಲಿ ಅವನು ಕೋಟು, ಎತ್ತರದ ಕಾಲರ್ ಧರಿಸಿದ ಸಭ್ಯ ರಾಜಕಾರಣಿ. 1834ರಲ್ಲಿ ಚಾಪ್‌ಮನ್ ಎಂಬ ಚಿತ್ರಕಾರ ಬೇಟೆಯ ಉಡುಪಿನಲ್ಲಿ ಬರೆದಾಗಲೂ ಕೈಯಲ್ಲಿದ್ದದ್ದು ಅಂಚುಳ್ಳ ಸಾಧಾರಣ ಹ್ಯಾಟ್. ಅವನ ಹೆಸರಿನಲ್ಲಿ ಬರುತ್ತಿದ್ದ ಪಂಚಾಂಗದ, ಅವನ ಮರಣದ ನಂತರದ ಮುಖಪುಟವೊಂದಕ್ಕೆ ಹ್ಯಾಕೆಟ್‌ನ ವೇಷದ ಚಿತ್ರವನ್ನೇ ಎತ್ತಿ ಹಾಕಿದರು. ಅಲಾಮೊದಿಂದ ಬದುಕಿ ಬಂದ ಸುಸಾನಾ ಡಿಕಿನ್ಸನ್ ಮಾತ್ರ, ಅವನ ಶವದ ಪಕ್ಕದಲ್ಲಿ ಅವನ ವಿಚಿತ್ರವಾದ ಟೋಪಿ ಬಿದ್ದಿತ್ತು ಎಂದಿದ್ದಾರೆ. ಜನ ನಿರೀಕ್ಷಿಸುತ್ತಾರೆಂದು ಕೊನೆಕೊನೆಗೆ ಅವನೇ ಆ ಟೋಪಿ ಹಾಕಲು ತೊಡಗಿರಬಹುದು. ಹಾಗಾಗಿ ಟೋಪಿಯನ್ನು ಪೂರ್ತಿ ಸುಳ್ಳೆನ್ನಲು ನಾನು ಸಿದ್ಧನಿಲ್ಲ.


ಜಾನಪದ ವಿದ್ಯಾರ್ಥಿನಿ

ಪಂಚಾಂಗಗಳ ಪ್ರಸ್ತಾಪ ಬಂದದ್ದು ಸಂತೋಷ. 'ಕಥೆಗಳು ಉದುರುತ್ತವೆ' ಎಂದು ಮೇಲೆ ಬರೆದಿದ್ದೀರಿ. ಉದುರಿದ್ದನ್ನು ಗುಡಿಸಿ ಹೊರಗೆ ಎಸೆಯಬೇಡಿ ಎಂದು ಕೇಳಿಕೊಳ್ಳಲು ಬಂದಿದ್ದೇನೆ.

ಕ್ರಾಕೆಟ್ ಪಂಚಾಂಗಗಳು 1835ರಿಂದ 1856ರವರೆಗೆ ಬಂದವು. ಮೊದಲು ನ್ಯಾಶ್‌ವಿಲ್‌ನಲ್ಲಿ, ಆಮೇಲೆ ಬಾಸ್ಟನ್, ನ್ಯೂಯಾರ್ಕ್ ಮುಂತಾದ ಕಡೆ. ಸೂರ್ಯೋದಯದ ಹೊತ್ತು, ಚಂದ್ರನ ಕಲೆ, ಹವಾಮಾನದ ಭವಿಷ್ಯ, ನಡುವೆ ಕ್ರಾಕೆಟ್‌ನ ಸಾಹಸ. ಅವನು ಸತ್ತು ಇಪ್ಪತ್ತು ವರ್ಷವಾದರೂ ಅಲ್ಲಿ ಹೊಸ ಸಾಹಸಗಳನ್ನು ಮಾಡುತ್ತಲೇ ಇದ್ದ. ನನಗೆ ಬಹಳ ಪ್ರಿಯವಾದ ಕಥೆ ಇದು: ಒಂದು ಬೆಳಗ್ಗೆ ಎಂಥ ಚಳಿಯೆಂದರೆ ಭೂಮಿಯೇ ತನ್ನ ಅಚ್ಚಿನ ಮೇಲೆ ಹೆಪ್ಪುಗಟ್ಟಿ ನಿಂತುಬಿಟ್ಟಿದೆ, ಸೂರ್ಯ ಎರಡು ಮಂಜುಗಡ್ಡೆಗಳ ನಡುವೆ ಸಿಕ್ಕಿಕೊಂಡಿದ್ದಾನೆ. ಕ್ರಾಕೆಟ್ ತಾನು ಕೊಂದ ಕರಡಿಯನ್ನು ಹಿಂಡಿ ಬಿಸಿ ಕೊಬ್ಬನ್ನು ಅಚ್ಚಿನ ಮೇಲೆ ಸುರಿಯುತ್ತಾನೆ, ಭೂಮಿ ಕಿರ್ರೆಂದು ತಿರುಗುತ್ತದೆ, ಅವನು ಸೂರ್ಯನ ಕಿಡಿಯಿಂದ ಚಿಲುಮೆ ಹೊತ್ತಿಸಿಕೊಂಡು, ಬೆಳಗಿನ ಒಂದು ತುಂಡನ್ನು ಜೇಬಿನಲ್ಲಿಟ್ಟುಕೊಂಡು ಮನೆಗೆ ಹೋಗುತ್ತಾನೆ. ಇದನ್ನು ಸುಳ್ಳು ಎಂದು ಸಾಬೀತು ಮಾಡುವ ಅಗತ್ಯ ಯಾರಿಗೂ ಇಲ್ಲ. ಲಾವಣಿ ಹಾಡುವವರ ಬಳಿ ನಾವು ತಾರೀಕು ಕೇಳುತ್ತೇವೆಯೇ?

ಕಥೆಗಳು ಒಬ್ಬರಿಂದ ಇನ್ನೊಬ್ಬರಿಗೆ ಜಿಗಿಯುವುದನ್ನೂ ಇಲ್ಲಿ ನೋಡಬಹುದು. ಮರದ ಮೇಲಿನ ರಕೂನ್ ಪ್ರಾಣಿ ಕೆಳಗೆ ಬಂದೂಕು ಹಿಡಿದವನನ್ನು ನೋಡಿ, 'ನೀವು ಕರ್ನಲ್ ಕ್ರಾಕೆಟ್ ಅವರೇ? ಹಾಗಾದರೆ ಗುಂಡು ವ್ಯರ್ಥ ಮಾಡಬೇಡಿ, ನಾನೇ ಇಳಿದು ಬರುತ್ತೇನೆ' ಎನ್ನುವ ಪ್ರಸಂಗ ಪ್ರಸಿದ್ಧ. ಅದೇ ಕಥೆ ಮಾರ್ಟಿನ್ ಸ್ಕಾಟ್ ಎಂಬ ಸೇನಾ ಕ್ಯಾಪ್ಟನ್ ಬಗ್ಗೆಯೂ ಚಾಲ್ತಿಯಲ್ಲಿತ್ತು. ಗುರಿಕಾರನ ಹೆಸರು ದೊಡ್ಡದಾದಂತೆ ಕಥೆ ಅವನ ಕಡೆ ಹರಿಯುತ್ತದೆ.

ಆದರೆ ಒಂದನ್ನು ಮುಚ್ಚಿಡಬಾರದು. ಅದೇ ಪಂಚಾಂಗಗಳಲ್ಲಿ ಮೂಲನಿವಾಸಿಗಳನ್ನೂ ಕಪ್ಪು ಜನರನ್ನೂ ಮೆಕ್ಸಿಕನ್ನರನ್ನೂ ಪ್ರಾಣಿಗಳಿಗಿಂತ ಕಡೆಯಾಗಿ ಚಿತ್ರಿಸಿ, ಅವರನ್ನು ಕೊಲ್ಲುವುದೇ ತಮಾಷೆ ಎಂಬಂತೆ ಬರೆದ ಪುಟಗಳಿವೆ. ಓದಿದರೆ ಹೊಟ್ಟೆ ತೊಳಸುತ್ತದೆ. ಇವನ್ನು ಬರೆದವರು ಪೂರ್ವದ ನಗರಗಳ ಬಾಡಿಗೆ ಬರಹಗಾರರು, ಹೇಳಿದ್ದು ಕ್ರಾಕೆಟ್‌ನ ಬಾಯಿಯಿಂದ. ಹಾಗಾಗಿ ಕಥೆಯನ್ನು ಬೇರ್ಪಡಿಸುವುದು ಅವನಿಗೆ ನ್ಯಾಯ ಒದಗಿಸುವ ಕೆಲಸವೂ ಹೌದು ಎಂದು ಒಪ್ಪುತ್ತೇನೆ.


ಟೆಕ್ಸಾಸ್ ಕನ್ನಡಿಗ

ನಾನು ಆಸ್ಟಿನ್ ಹತ್ತಿರ ಇದ್ದೇನೆ. ಊರಿನಿಂದ ಬಂದ ಬಂಧುಗಳನ್ನು ಅಲಾಮೊಗೆ ಕರೆದುಕೊಂಡು ಹೋಗುವುದು ಇಲ್ಲಿನ ಕನ್ನಡ ಮನೆಗಳಲ್ಲಿ ವಾಡಿಕೆ. ಸ್ಯಾನ್ ಆಂಟೋನಿಯೊ ಪೇಟೆಯ ನಡುವೆ ಹೋಟೆಲ್‌ಗಳು, ಅಂಗಡಿಗಳು, ಅವುಗಳ ಎದುರಿಗೆ ಆ ಸುಣ್ಣಕಲ್ಲಿನ ಇಗರ್ಜಿ. ಮೊದಲ ಸಲ ನೋಡಿದವರೆಲ್ಲ 'ಇಷ್ಟು ಚಿಕ್ಕದೇ?' ಎನ್ನುತ್ತಾರೆ. ನಿಜವಾಗಿ ಅಂದಿನ ಆವರಣ ಬಹಳ ದೊಡ್ಡದು, ಇಗರ್ಜಿ ಅದರ ಒಂದು ಮೂಲೆ ಮಾತ್ರ. ಉಳಿದದ್ದರ ಮೇಲೆ ಊರು ಬೆಳೆದುಬಿಟ್ಟಿದೆ.

ಎಲ್ಲರೂ ಫೋಟೊ ತೆಗೆದುಕೊಳ್ಳುವುದು ಮುಂಭಾಗದ ಮೇಲಿರುವ ಡುಬ್ಬದಂಥ ಕಮಾನಿನ ಕೆಳಗೆ. ಅಂಗಿ, ಕಾಫಿ ಕಪ್, ಅಂಚೆಚೀಟಿ ಎಲ್ಲದರ ಮೇಲೂ ಅದೇ ಆಕಾರ. ಆದರೆ 1836ರಲ್ಲಿ ಆ ಕಮಾನು ಇರಲೇ ಇಲ್ಲ! ಆಗ ಮೇಲ್ಛಾವಣಿ ಕುಸಿದು ಗೋಡೆ ಮೊಂಡಾಗಿತ್ತು. 1850ರಲ್ಲಿ ಅಮೆರಿಕದ ಸೈನ್ಯ ಅದನ್ನು ಉಗ್ರಾಣ ಮಾಡಿಕೊಂಡಾಗ ಛಾವಣಿ ಹೊದಿಸಿ ಆ ಕಮಾನನ್ನು ಕಟ್ಟಿತು. ಕ್ರಾಕೆಟ್ ಎಂದೂ ಕಾಣದ ಕಲ್ಲೇ ಇಂದು ಅವನ ಸಾವಿನ ಗುರುತು.

ಅಲ್ಲಿಂದ ಸ್ವಲ್ಪ ದೂರದಲ್ಲಿ ಸ್ಯಾನ್ ಫರ್ನಾಂಡೊ ಕೆಥೆಡ್ರಲ್ ಇದೆ. ಒಳಗೆ ಹೋಗುತ್ತಿದ್ದಂತೆ ಒಂದು ಅಮೃತಶಿಲೆಯ ಪೆಟ್ಟಿಗೆ, ಅದರಲ್ಲಿ ಕೋಟೆಯ ದಳಪತಿಗಳಾಗಿದ್ದ ಟ್ರಾವಿಸ್, ಬೋವಿ ಮತ್ತು ಕ್ರಾಕೆಟ್ ಮೂವರ ಅವಶೇಷಗಳಿವೆ ಎಂಬ ಬರಹ. 1936ರಲ್ಲಿ ನೆಲ ಅಗೆದಾಗ ಸುಟ್ಟ ಮೂಳೆಗಳು ಸಿಕ್ಕವಂತೆ. ಶವಗಳನ್ನು ಸೌದೆಯ ರಾಶಿಯಲ್ಲಿ ಒಟ್ಟಿಗೆ ಸುಟ್ಟಿದ್ದಾರೆ. ಆ ಬೂದಿಯಲ್ಲಿ ಇದು ಕ್ರಾಕೆಟ್‌ನದು ಎಂದು ಗುರುತಿಸಲು ಹೇಗೆ ಸಾಧ್ಯವಾಯಿತು ಎಂದು ನನಗೆ ಅರ್ಥವಾಗಿಲ್ಲ. ಇತಿಹಾಸಕಾರರೂ ಹೆಚ್ಚಿನವರು ಅದನ್ನು ನಂಬುವುದಿಲ್ಲ.

ಇಲ್ಲಿ ಅತ್ಯಂತ ಸೂಕ್ಷ್ಮವಾದ ಪ್ರಶ್ನೆ ಬೇರೆ: ಅವನು ಹೋರಾಡುತ್ತಾ ಸತ್ತನೋ, ಸೆರೆಸಿಕ್ಕ ಮೇಲೆ ಕೊಂದರೋ? ಸಹೋದ್ಯೋಗಿಗಳ ಊಟದ ಮೇಜಿನಲ್ಲಿ ಆ ಮಾತೆತ್ತಿದರೆ ಈಗಲೂ ಮುಖಗಳು ಬಿಗಿಯುತ್ತವೆ. ಹಳೆಯ ಕಡತ ಅವರು ಏನೆನ್ನುತ್ತಾರೆ?


ಹಳೆಯ ಕಡತ

ಮೆಕ್ಸಿಕೊ ವಿರುದ್ಧ ದಂಗೆಯೆದ್ದ ಟೆಕ್ಸಾಸ್‌ನವರು ಹಿಡಿದಿದ್ದ ಕೋಟೆಗೆ ಮೆಕ್ಸಿಕೊದ ಅಧ್ಯಕ್ಷನೂ ಸೇನಾಧಿಪತಿಯೂ ಆದ ಸಾಂಟಾ ಅನಾ ಹಾಕಿದ ಮುತ್ತಿಗೆ 1836ರ ಫೆಬ್ರವರಿ 23ರಿಂದ ಮಾರ್ಚ್ 6ರವರೆಗೆ, ಹದಿಮೂರು ದಿನ. ಕೊನೆಯ ದಾಳಿ ಬೆಳಗಾಗುವ ಮೊದಲು, ಕತ್ತಲಲ್ಲಿ. ಒಳಗಿನ ಹೋರಾಟಗಾರರು ಹೆಚ್ಚುಕಡಿಮೆ ಎಲ್ಲರೂ ಸತ್ತರು. ಹಾಗಾಗಿ ಸಾಕ್ಷಿಗಳು ಎಂದರೆ ಹೆಂಗಸರು, ಮಕ್ಕಳು, ಒಬ್ಬ ಗುಲಾಮ, ಮತ್ತು ಶತ್ರುಪಕ್ಷದವರು.

ಸುಸಾನಾ ಡಿಕಿನ್ಸನ್ ಅವನ ಶವ ಕಂಡದ್ದು ಇಗರ್ಜಿಗೂ ಎರಡಂತಸ್ತಿನ ಸೈನಿಕರ ಮನೆಗೂ ನಡುವೆ. ಶವ ಗುರುತಿಸಲು ಸಾಂಟಾ ಅನಾ ಕರೆಸಿದ ನಗರದ ಮುಖ್ಯಸ್ಥ ಫ್ರಾನ್ಸಿಸ್ಕೊ ರೂಯಿಸ್ ಹೇಳಿಕೆಯ ಪ್ರಕಾರ ಪಶ್ಚಿಮ ದಿಕ್ಕಿನಲ್ಲಿ. ಟ್ರಾವಿಸ್‌ನ ಗುಲಾಮ ಜೋ ಹೇಳಿದ್ದು, ಕ್ರಾಕೆಟ್ ಮತ್ತು ಕೆಲವು ಗೆಳೆಯರು ಒಟ್ಟಿಗೆ ಬಿದ್ದಿದ್ದರು, ಸುತ್ತ 24 ಶತ್ರು ಶವಗಳು. ಮೂವರೂ ನೋಡಿದ್ದು ಸತ್ತ ಮೇಲೆ. ಸತ್ತದ್ದು ಹೇಗೆ ಎಂದು ಅವರು ಕಂಡಿಲ್ಲ.

ಇನ್ನೊಂದು ಕಡೆ ಮೆಕ್ಸಿಕನ್ ಅಧಿಕಾರಿ ಹೋಸೆ ಎನ್ರಿಕೆ ದೆ ಲಾ ಪೇನ್ಯಾ ಬರೆದಿಟ್ಟ ನೆನಪುಗಳು. ಸುಮಾರು ಏಳು ಮಂದಿ ಜೀವಸಹಿತ ಸಿಕ್ಕರು, ಜನರಲ್ ಕಾಸ್ತ್ರಿಯೋನ್ ಅವರನ್ನು ಕಾಪಾಡಲು ಸಾಂಟಾ ಅನಾ ಎದುರಿಗೆ ತಂದ, ಅವರಲ್ಲಿ ಒಬ್ಬ ಕ್ರಾಕೆಟ್; ಸಾಂಟಾ ಅನಾ ಸಿಟ್ಟಿನಿಂದ ಕೈಬೀಸಿ ಕೊಲ್ಲಲು ಹೇಳಿದ, ಹೊಗಳಿಕೆ ಗಿಟ್ಟಿಸಲು ಕಾದಿದ್ದ ಕೆಲವು ಅಧಿಕಾರಿಗಳು ಕತ್ತಿ ಹಿರಿದು ಮೇಲೆ ಬಿದ್ದರು. ನಿಸ್ಸಹಾಯಕರಾದ ಆ ಸೆರೆಯಾಳುಗಳು ಗೋಗರೆಯದೆ, ಕೊಂದವರ ಮುಂದೆ ತಲೆತಗ್ಗಿಸದೆ ಸತ್ತರು ಎಂದು ಅವನು ಬರೆಯುತ್ತಾನೆ. ಈ ಬರಹ ಮೆಕ್ಸಿಕೊದಲ್ಲಿ ಅಚ್ಚಾದದ್ದು 1955ರಲ್ಲಿ, ಇಂಗ್ಲಿಷ್‌ಗೆ ಬಂದದ್ದು 1975ರಲ್ಲಿ. 1955 ಎಂದರೆ ಡಿಸ್ನಿಯ ಧಾರಾವಾಹಿಯಿಂದಾಗಿ ಅಮೆರಿಕದ ಮಕ್ಕಳೆಲ್ಲ ರಕೂನ್ ಟೋಪಿಗಾಗಿ ಹಠ ಹಿಡಿದಿದ್ದ ವರ್ಷ. ಕೋವಿಯನ್ನು ದೊಣ್ಣೆಯಂತೆ ಬೀಸುತ್ತಾ ನಿಂತ ನಾಯಕನನ್ನು ಕಂಡು ಬೆಳೆದವರಿಗೆ ಇಂಗ್ಲಿಷ್ ಅನುವಾದ ಕೈಗೆ ಬಂದಾಗ ಅದು ಅವಮಾನದಂತೆ ಕಂಡಿತು, ಅನುವಾದಕಿಗೆ ಬೈಗುಳದ ಪತ್ರಗಳು ಬಂದವು.

ನನಗೆ ನೋವಾಗುವುದು ಇಲ್ಲಿ. ಕೈಕಟ್ಟಿದವರನ್ನು ಕೊಂದದ್ದು ಕೊಲ್ಲಿಸಿದವನ ಕಳಂಕ. ಸತ್ತವನ ಕಳಂಕ ಹೇಗಾದೀತು? 1836ರ ಜನ ಹಾಗೆ ಯೋಚಿಸಿರಲಿಲ್ಲ. ಸೆರೆಸಿಕ್ಕವರನ್ನು ಕೊಂದರೆಂಬ ಸುದ್ದಿ ಆ ವರ್ಷವೇ ಅಮೆರಿಕದ ಪತ್ರಿಕೆಗಳಲ್ಲಿ ಬಂತು, ಸಾಂಟಾ ಅನಾನ ಕ್ರೌರ್ಯಕ್ಕೆ ಸಾಕ್ಷಿಯಾಗಿ. ಜಾರ್ಜ್ ಡಾಲ್ಸನ್ ಎಂಬ ಸಾರ್ಜೆಂಟ್ 1836ರ ಜುಲೈನಲ್ಲಿ ತನ್ನ ಸಹೋದರನಿಗೆ ಬರೆದ ಪತ್ರದಲ್ಲಿಯೂ ಮೆಕ್ಸಿಕನ್ ಅಧಿಕಾರಿಯೊಬ್ಬ ಹಾಗೆ ಹೇಳಿದ ಎಂದಿದೆ. ಆ ಸಾವನ್ನು ಹೇಡಿತನ ಎಂದು ಓದಿದ್ದು ಇಪ್ಪತ್ತನೆಯ ಶತಮಾನ.


ನಿವೃತ್ತ ಮೇಷ್ಟರು

ನಾನು ಶಾಲೆಯಲ್ಲಿ ಚರಿತ್ರೆ ಪಾಠ ಮಾಡಿದವನು. ನಿಮ್ಮ ಜರಡಿಯನ್ನು ನಿಮ್ಮ ಸಾಕ್ಷಿಗೂ ಹಿಡಿಯಿರಿ ಎಂದು ಕೇಳುತ್ತೇನೆ.

ದೆ ಲಾ ಪೇನ್ಯಾ ಕ್ರಾಕೆಟ್‌ನನ್ನು ಮೊದಲು ಕಂಡವನಲ್ಲ. ಅವನು ಹಿಡಿಯುವ ಗುರುತೇನು? ಕ್ರಾಕೆಟ್‌ನನ್ನು 'ನಿಸರ್ಗ ವಿಜ್ಞಾನಿ' ಎನ್ನುತ್ತಾನೆ, ಊರು ನೋಡಲು ಬಂದು ಕೋಟೆಯಲ್ಲಿ ಸಿಕ್ಕಿಕೊಂಡವನೆನ್ನುತ್ತಾನೆ. ಯಾರೋ ಪ್ರಾಣ ಉಳಿಸಿಕೊಳ್ಳಲು ಹೇಳಿದ ಮಾತಿನ ಮೇಲೆ ಯಾರೋ ಕ್ರಾಕೆಟ್ ಎಂಬ ಹೆಸರು ಅಂಟಿಸಿರಬಹುದು. ಯುದ್ಧದ ವೇಳೆಯ ದಿನಚರಿಯನ್ನು ಅವನು ಆಮೇಲೆ ವಿಸ್ತರಿಸಿ ಬರೆದ, ಬೇರೆಯವರಿಂದ ಕೇಳಿದ್ದನ್ನೂ ಸೇರಿಸಿದ. ಡಾಲ್ಸನ್‌ನದು ಕೇಳಿದವನು ಹೇಳಿದ್ದನ್ನು ಕೇಳಿ ಬರೆದ ಪತ್ರ. 1836ರ ಪತ್ರಿಕೆಗಳು ಒಂದರಿಂದ ಒಂದು ನಕಲು ಮಾಡಿದವು.

ಇನ್ನೊಂದನ್ನು ನೀವು ಹೇಳಲಿಲ್ಲ. ಅದೇ 1836ರಲ್ಲಿ ಫಿಲಡೆಲ್ಫಿಯದಿಂದ ಕ್ರಾಕೆಟ್‌ನ ಟೆಕ್ಸಾಸ್ ದಿನಚರಿ ಎಂಬ ಪುಸ್ತಕ ಬಂತು, ಮಾರ್ಚ್ 5ರವರೆಗಿನ ಬರಹ ಅದರಲ್ಲಿದೆ. ಕೋಟೆ ಬಿದ್ದ ಮೇಲೆ ಸಿಕ್ಕ ಹಸ್ತಪ್ರತಿ ಎಂದು ನಂಬಿಸಿದರು. ಅದನ್ನು ಬರೆದವನು ರಿಚರ್ಡ್ ಪೆನ್ ಸ್ಮಿತ್ ಎಂಬ ಫಿಲಡೆಲ್ಫಿಯದ ನಾಟಕಕಾರ. ಉದ್ದೇಶ, ಕ್ರಾಕೆಟ್ ಹೆಸರಿನ ಹಿಂದಿನ ವರ್ಷದ ಪುಸ್ತಕ ಮಾರಾಟವಾಗದೆ ಉಳಿದಿತ್ತು, ಅದನ್ನು ಖರ್ಚು ಮಾಡಿಸುವುದು. ಎಷ್ಟೋ ಕಾಲ ಗಂಭೀರ ಲೇಖಕರೂ ಅದರಿಂದ ಎತ್ತಿ ಬರೆದರು. ಆ ನಕಲಿ ಪುಸ್ತಕದ ಕೊನೆಯಲ್ಲಿಯೂ ಸೆರೆಸಿಕ್ಕ ಕ್ರಾಕೆಟ್, ಕಾಸ್ತ್ರಿಯೋನ್, ಸಾಂಟಾ ಅನಾ ಎಲ್ಲರೂ ಇದ್ದಾರೆ. ಕಥೆ ಎಷ್ಟು ಬೇಗ ಎಲ್ಲೆಡೆ ಹರಡಿತ್ತು ನೋಡಿ! ಹಾಗಿರುವಾಗ ದೆ ಲಾ ಪೇನ್ಯಾನ ಕಿವಿಗೂ ಅದು ಬಿದ್ದಿರಲಿಕ್ಕಿಲ್ಲವೇ?


ಟೆಕ್ಸಾಸ್ ಕನ್ನಡಿಗ

ಮೇಷ್ಟರೇ, ಒಂದು ಮಾಹಿತಿ. ಆ ಹಸ್ತಪ್ರತಿ 1998ರಲ್ಲಿ 3,50,000 ಡಾಲರ್‌ಗೆ ಹರಾಜಾಗಿ ಈಗ ಆಸ್ಟಿನ್‌ನ ವಿಶ್ವವಿದ್ಯಾಲಯದಲ್ಲಿದೆ. ಅದೇ ಖೋಟಾ ಎಂದು ವಾದಿಸಿದವರಿದ್ದರು. ಪರೀಕ್ಷೆಯಲ್ಲಿ ಕಾಗದ, ಶಾಯಿ ಆ ಕಾಲದವೇ ಎಂದು ಕಂಡುಬಂದಿದೆ.


ನಿವೃತ್ತ ಮೇಷ್ಟರು

ಹಸ್ತಪ್ರತಿ ಅಸಲಿ ಎಂಬುದು ನನಗೂ ಒಪ್ಪಿಗೆ. ಅಸಲಿ ಕಾಗದದ ಮೇಲೆ ಗಾಳಿಸುದ್ದಿಯನ್ನೂ ಬರೆಯಬಹುದು. ಕೆಲವರನ್ನು ಸೆರೆಹಿಡಿದು ಕೊಂದರು ಎಂಬುದನ್ನು ಸತ್ಯವೆಂದು ತೆಗೆದುಕೊಳ್ಳೋಣ, ಅದಕ್ಕೆ ಬೇರೆ ಬೇರೆ ಕಡೆಯ ಸಾಕ್ಷಿಗಳಿವೆ. ಅವರಲ್ಲಿ ಕ್ರಾಕೆಟ್ ಇದ್ದ ಎಂಬುದನ್ನು ಸಾಧ್ಯತೆಯೆಂದು ಇಡೋಣ. ಅದಕ್ಕಿಂತ ಒಂದು ಹೆಜ್ಜೆ ಮುಂದೆ ಹೋಗಲು ನನಗೆ ಮನಸ್ಸಿಲ್ಲ.

ಟ್ರಾವಿಸ್ ಕತ್ತಿಯಿಂದ ನೆಲದ ಮೇಲೆ ಗೆರೆ ಎಳೆದು, ಸಾಯಲು ಸಿದ್ಧರಿರುವವರು ದಾಟಿ ಬನ್ನಿ ಎಂದನಂತಲ್ಲ, ಅದು ಅಚ್ಚಿನಲ್ಲಿ ಬಂದದ್ದು 1873ರಲ್ಲಿ. ಪಠ್ಯಪುಸ್ತಕ, ಸಿನಿಮಾ ಎಲ್ಲ ಕಡೆ ಆ ಗೆರೆ ಇದೆ.


ತುಂಗಾತೀರ

ಎಲ್ಲರಿಗೂ ಧನ್ಯವಾದ. ಆದರೆ ನನ್ನೊಳಗೆ ಒಂದು ಪ್ರಶ್ನೆ ಕೊರೆಯುತ್ತಿದೆ. ಅವನು ಸತ್ತ ಬಗೆಗೆ ಇಷ್ಟು ಚರ್ಚಿಸಿದೆವು. ಬದುಕಿದ ಬಗೆಯಲ್ಲಿ ವೀರ ಎನ್ನುವಂಥದ್ದು ಏನಿದೆ? ಗಡಿನಾಡ ವೀರ ಎಂದರೆ ಮೂಲನಿವಾಸಿಗಳ ನೆಲ ಕಸಿದವರ ಮುಂದಾಳು ತಾನೇ?


ಹಳೆಯ ಕಡತ

ಈ ಪ್ರಶ್ನೆಗಾಗಿಯೇ ಕಾಯುತ್ತಿದ್ದೆ.

1813ರಲ್ಲಿ ಕ್ರೀಕ್ ಎಂಬ ಮೂಲನಿವಾಸಿ ಜನರ ವಿರುದ್ಧದ ಯುದ್ಧಕ್ಕೆ ಅವನು ಸ್ವಯಂಸೇವಕನಾಗಿ ಹೋದ. ನವೆಂಬರ್ 3ರಂದು ಟಾಲ್ಲುಶಾಚಿ ಎಂಬ ಹಳ್ಳಿಯ ಮೇಲೆ ದಾಳಿ. ಅದರ ಬಗ್ಗೆ ಅವನೇ ಆತ್ಮಕಥೆಯಲ್ಲಿ ಬರೆದಿದ್ದಾನೆ: ನಾಯಿಗಳನ್ನು ಹೊಡೆದಂತೆ ಅವರನ್ನು ಗುಂಡಿಟ್ಟು ಕೊಂದೆವು, ಮನೆಗೆ ಬೆಂಕಿ ಹಚ್ಚಿ ಒಳಗಿದ್ದ 46 ಯೋಧರನ್ನು ಸುಟ್ಟೆವು. ಉರಿಯುವ ಮನೆಯ ಪಕ್ಕ ತೊಡೆ, ತೋಳು ಮುರಿದುಕೊಂಡು ತೆವಳುತ್ತಿದ್ದ ಹನ್ನೆರಡು ವರ್ಷದ ಹುಡುಗನನ್ನೂ ಅವನು ಮರೆತಿಲ್ಲ. ಮರುದಿನ ಹಸಿವು ತಾಳಲಾರದೆ ಸೈನಿಕರು ಅಲ್ಲಿಗೇ ಮರಳಿದರು. ಸುಟ್ಟ ಮನೆಯ ನೆಲಮಾಳಿಗೆಯಲ್ಲಿ ಆಲೂಗಡ್ಡೆ ಇತ್ತು. ಸತ್ತವರ ಮೈಯ ಕೊಬ್ಬು ಕರಗಿ ಅದರ ಮೇಲೆ ಇಳಿದಿತ್ತು, ಮಾಂಸದೊಡನೆ ಬೇಯಿಸಿದಂತೆ ಕಾಣುತ್ತಿತ್ತು. ಸಾಧ್ಯವಿದ್ದರೆ ತಿನ್ನುತ್ತಿರಲಿಲ್ಲ, ಆದರೆ ತಿಂದೆವು ಎನ್ನುತ್ತಾನೆ. ಮತ ಕೇಳಲು ಹೊರಟ ರಾಜಕಾರಣಿ ತನ್ನ ಪುಸ್ತಕದಲ್ಲಿ ಬಚ್ಚಿಡಬಹುದಾಗಿದ್ದ ಪುಟ ಇದು. ಅವನು ಬಚ್ಚಿಡಲಿಲ್ಲ. ಯಾವ ಪಂಚಾಂಗವೂ, ಯಾವ ಧಾರಾವಾಹಿಯೂ ಈ ಆಲೂಗಡ್ಡೆಯನ್ನು ಮುಟ್ಟಲಿಲ್ಲ.

ಹದಿನೇಳು ವರ್ಷದ ಮೇಲೆ, 1830ರಲ್ಲಿ, ಅಧ್ಯಕ್ಷ ಆಂಡ್ರ್ಯೂ ಜಾಕ್ಸನ್ ಮೂಲನಿವಾಸಿಗಳನ್ನು ಮಿಸಿಸಿಪ್ಪಿ ನದಿಯ ಆಚೆಗೆ ಸಾಗಿಸುವ ಮಸೂದೆ ತಂದ. ಜಾಕ್ಸನ್ ಟೆನೆಸ್ಸೀಯವನು, ಕ್ರಾಕೆಟ್‌ನ ಹಳೆಯ ಸೇನಾಧಿಪತಿ. ಕ್ರಾಕೆಟ್‌ನ ಅಜ್ಜ ಅಜ್ಜಿಯನ್ನು ಕೊಂದವರು ಮೂಲನಿವಾಸಿ ದಾಳಿಕಾರರು. ಅವನ ಮತದಾರರು ಹೊಸ ನೆಲಕ್ಕೆ ಕಾದು ಕುಳಿತ ಬಡ ಬಿಳಿಯರು. ಮೇ 26ರಂದು ಮಸೂದೆ 102ಕ್ಕೆ 97 ಮತಗಳಿಂದ ಪ್ರತಿನಿಧಿ ಸಭೆಯನ್ನು ದಾಟಿತು. ಟೆನೆಸ್ಸೀಯ ಪ್ರತಿನಿಧಿಗಳಲ್ಲಿ ವಿರುದ್ಧ ಮತ ಹಾಕಿದವನು ಒಬ್ಬನೇ, ಡೇವಿಡ್ ಕ್ರಾಕೆಟ್. ಅದು ದುಷ್ಟವೂ ಅನ್ಯಾಯವೂ ಆದ ಕ್ರಮವೆಂದು ನಂಬಿದ್ದೆ, ನನಗೆ ಏನೇ ನಷ್ಟವಾದರೂ ವಿರೋಧಿಸಬೇಕೆಂದುಕೊಂಡೆ ಎಂದು ಆತ್ಮಕಥೆಯಲ್ಲಿ ಬರೆದಿದ್ದಾನೆ. 1831ರ ಜನವರಿಯಲ್ಲಿ ಚೆರೋಕಿ ಜನರ ಮುಖ್ಯಸ್ಥ ಜಾನ್ ರಾಸ್ ಅವನಿಗೆ ಕೃತಜ್ಞತೆಯ ಪತ್ರ ಬರೆದ. ಅದೇ ವರ್ಷದ ಚುನಾವಣೆಯಲ್ಲಿ ಕ್ರಾಕೆಟ್ ಸೋತ.

ಈ ಮತ ನನ್ನ ಕಣ್ಣಿಗೆ 105 ಕರಡಿಗಳಿಗಿಂತ ದೊಡ್ಡದು, ಅಲಾಮೊಗಿಂತಲೂ ದೊಡ್ಡದು.


ನಿವೃತ್ತ ಮೇಷ್ಟರು

ಒಪ್ಪುತ್ತೇನೆ, ಆದರೆ ಪೂರ್ತಿಯಾಗಿ ಅಲ್ಲ. ಆ ಹೊತ್ತಿಗೆ ಅವನು ಜಾಕ್ಸನ್ ಬಣದಿಂದ ಆಗಲೇ ದೂರವಾಗಿದ್ದ. 1834ರಲ್ಲಿ ವಿಗ್ ಪಕ್ಷದವರು ಅವನನ್ನು ಜಾಕ್ಸನ್ ವಿರುದ್ಧದ ಅಸ್ತ್ರವಾಗಿ ಊರೂರು ಸುತ್ತಿಸಿದರು, ಫಿಲಡೆಲ್ಫಿಯದಲ್ಲಿ ಅಲಂಕಾರದ ಕೋವಿ ಉಡುಗೊರೆ ಕೊಟ್ಟರು. ಆತ್ಮಕಥೆಯೂ ಆ ಕಾಲದ್ದೇ, ಬರೆಯಲು ನೆರವಾದವನು ಕೆಂಟಕಿಯ ಪ್ರತಿನಿಧಿ ಥಾಮಸ್ ಚಿಲ್ಟನ್. ಅದರಲ್ಲಿ ಕ್ರೀಕ್ ಯುದ್ಧದ ವೇಳೆ ಜಾಕ್ಸನ್‌ನ ಫಿರಂಗಿಗೆ ಎದುರು ನಿಂತು ಮನೆಗೆ ಹೊರಟ ದಂಗೆಕೋರ ಸೈನಿಕರಲ್ಲಿ ತಾನೂ ಇದ್ದೆ ಎನ್ನುತ್ತಾನೆ. ಸೇನಾ ದಾಖಲೆಗಳೊಡನೆ ತಾಳೆ ನೋಡಿದ ಇತಿಹಾಸಕಾರರು ಆಗ ಅವನು ರಜೆಯ ಮೇಲೆ ಹೋಗಿದ್ದ ಎನ್ನುತ್ತಾರೆ. ಜಾಕ್ಸನ್ ವಿರೋಧಿ ಎಂಬ ಚಿತ್ರಕ್ಕೆ ಒಪ್ಪುವಂತೆ ಹಳೆಯ ನೆನಪನ್ನು ತಿದ್ದಿದವನು, ಮತದ ಕಾರಣವನ್ನೂ ಹೊಳಪು ಮಾಡಿ ಬರೆದಿರಲಿಕ್ಕಿಲ್ಲವೇ?


ಹಳೆಯ ಕಡತ

ಕಾರಣಕ್ಕೆ ಹೊಳಪು ಕೊಟ್ಟಿರಬಹುದು ಮೇಷ್ಟರೇ. ಮತ ಮಾತ್ರ 1830ರಲ್ಲಿಯೇ ಬಿದ್ದದ್ದು, ವಿಗ್ ಪಕ್ಷ ಹುಟ್ಟುವ ಮೊದಲು. ಜಾಕ್ಸನ್ ಮೇಲಿನ ಸಿಟ್ಟು ತೀರಿಸಲು ಅವನಿಗೆ ಬೇರೆ ಹತ್ತು ಮಸೂದೆಗಳಿದ್ದವು. ಸ್ವಂತ ಕ್ಷೇತ್ರದಲ್ಲಿ ಕೈಸುಡುವ ಇದನ್ನೇ ಆರಿಸಿಕೊಂಡನಲ್ಲ, ಅಲ್ಲಿ ನನಗೆ ಅವನ ಮನಸ್ಸು ಕಾಣುತ್ತದೆ.


ಜಾನಪದ ವಿದ್ಯಾರ್ಥಿನಿ

ಜೋ ಬಗ್ಗೆ ಯಾರಾದರೂ ಇನ್ನಷ್ಟು ಬರೆಯಿರಿ. ಅಲಾಮೊ ಕಥೆಯ ಮುಖ್ಯ ಸಾಕ್ಷಿ ಅವನು, ಹೆಸರು ಒಂದೇ ಸಾಲಿನಲ್ಲಿ ಬಂದು ಹೋಯಿತು.


ಟೆಕ್ಸಾಸ್ ಕನ್ನಡಿಗ

ಇಪ್ಪತ್ತರ ಹರೆಯದವನು. ಟ್ರಾವಿಸ್ ಗೋಡೆಯ ಮೇಲೆ ಗುಂಡು ತಗಲಿ ಬಿದ್ದದ್ದನ್ನು ಪಕ್ಕದಲ್ಲಿದ್ದು ಕಂಡವನು. ಆ ತಿಂಗಳೇ ಟೆಕ್ಸಾಸ್‌ನ ಹೊಸ ಸರ್ಕಾರದ ಮುಖ್ಯಸ್ಥರ ಮುಂದೆ ನಡೆದದ್ದನ್ನೆಲ್ಲ ಹೇಳಿದ, ಕೇಳಿದವರು ಅವನ ಸ್ಪಷ್ಟತೆಯನ್ನು ಮೆಚ್ಚಿ ಬರೆದಿಟ್ಟರು. ಆಮೇಲೆ ಅವನನ್ನು ಆಸ್ತಿಯ ಲೆಕ್ಕದಲ್ಲಿ ಟ್ರಾವಿಸ್‌ನ ಎಸ್ಟೇಟಿಗೆ ಒಪ್ಪಿಸಿದರು. ಮೆಕ್ಸಿಕೊ 1829ರಲ್ಲಿ ಗುಲಾಮಗಿರಿ ರದ್ದು ಮಾಡಿತ್ತು, ಸ್ವತಂತ್ರ ಟೆಕ್ಸಾಸ್‌ನ 1836ರ ಸಂವಿಧಾನ ಅದನ್ನು ಕಾನೂನುಬದ್ಧ ಮಾಡಿತು. 1837ರ ಏಪ್ರಿಲ್ 21ರಂದು, ಟೆಕ್ಸಾಸ್ ತನ್ನ ಗೆಲುವಿನ ಮೊದಲ ವಾರ್ಷಿಕೋತ್ಸವ ಆಚರಿಸುತ್ತಿದ್ದ ದಿನ, ಜೋ ತಪ್ಪಿಸಿಕೊಂಡು ಹೋದ. ಹಿಡಿದುಕೊಟ್ಟವರಿಗೆ ಬಹುಮಾನ ಎಂದು ಪತ್ರಿಕೆಯಲ್ಲಿ ಜಾಹೀರಾತು ಬಂತು.


ತುಂಗಾತೀರ

ಈ ಚರ್ಚೆಯನ್ನು ಉಳಿಸಿಟ್ಟುಕೊಂಡಿದ್ದೇನೆ. ಕೊನೆಯದಾಗಿ ಒಂದು ಸಂದೇಹ: ಕ್ರಾಕೆಟ್ ಜಾಕ್ಸನ್ ಬಣದಿಂದ ದೂರವಾದದ್ದು ಏಕೆ?


ಹಳೆಯ ಕಡತ

ನೆಲದ ವಿಷಯಕ್ಕೆ. ಪಶ್ಚಿಮ ಟೆನೆಸ್ಸೀಯಲ್ಲಿ ಬಡವರು ಹಕ್ಕುಪತ್ರವಿಲ್ಲದ ನೆಲದಲ್ಲಿ ಕಾಡು ಕಡಿದು, ಗುಡಿಸಲು ಕಟ್ಟಿ, ಜೋಳ ಬೆಳೆಯುತ್ತಿದ್ದರು. ಹಳೆಯ ಪತ್ರ ಹಿಡಿದ ಭೂ ವ್ಯಾಪಾರಿಗಳು ಬಂದು ಎಬ್ಬಿಸಿದರೆ ದುಡಿಮೆಯೆಲ್ಲ ಮಣ್ಣುಪಾಲು. ಕ್ರಾಕೆಟ್ ಸ್ವತಃ ಹಾಗೆ ಬದುಕಿದವನು. ಉಳುವವನಿಗೇ ಆ ನೆಲ ನೇರವಾಗಿ ಸಿಗಬೇಕೆಂದು ಮಸೂದೆ ತಂದ. ಸಹಪ್ರತಿನಿಧಿ ಜೇಮ್ಸ್ ಪೋಕ್ ನೆಲವನ್ನು ಮೊದಲು ರಾಜ್ಯಕ್ಕೆ ಒಪ್ಪಿಸಿ, ಮಾರಿದ ಹಣ ಶಿಕ್ಷಣಕ್ಕೆ ಹೋಗಲಿ ಎಂದ. ಹಾಗಾದರೆ ಅದು ಉಳ್ಳವರ ಕೈ ಸೇರುತ್ತದೆ ಎಂದು ಕ್ರಾಕೆಟ್ ಹಠ ಹಿಡಿದ, ಟೆನೆಸ್ಸೀಯ ಉಳಿದ ಪ್ರತಿನಿಧಿಗಳೆಲ್ಲ ಅವನ ಎದುರಾದರು. ಮೂರು ಅವಧಿಯಲ್ಲೂ ಅದನ್ನು ಪಾಸು ಮಾಡಿಸಲು ಅವನಿಂದ ಆಗಲಿಲ್ಲ. ಅವನ ಮಗ ಜಾನ್ ವೆಸ್ಲಿ ಕ್ರಾಕೆಟ್ ಅದೇ ಸೀಮೆಯಿಂದ ಪ್ರತಿನಿಧಿ ಸಭೆಗೆ ಹೋಗಿ, 1841ರ ಫೆಬ್ರವರಿಯಲ್ಲಿ ಆ ಮಸೂದೆಯ ಒಂದು ರೂಪವನ್ನು ಕಾನೂನು ಮಾಡಿಸಿದ.